ಸ್ಕೋನಿನೊಳಗೆ ಹಂದಿಮಾಂಸ ಇರಲಿ

ಕನ್ನಡದ ಅಡುಗೆ ಅಂಕಣಗಳಿಗೆ ಪರದೇಶದ ತಿನಿಸೊಂದು ಬಂದಾಗ ಅದಕ್ಕೆ ಆಗುವ ಮೊದಲ ಸಂಸ್ಕಾರ ಶುದ್ಧೀಕರಣ. ಮೂಲದಲ್ಲಿ ಹ್ಯಾಮ್ ಇದ್ದ ಜಾಗಕ್ಕೆ ಪನೀರು ಬರುತ್ತದೆ. ಘಾಟು ವಾಸನೆಯ ಹಳೆಯ ಚೀಸಿನ ಜಾಗಕ್ಕೆ ಡಬ್ಬಿಯ ಚೀಸು ಬರುತ್ತದೆ. ಹಣ್ಣು ಮತ್ತು ಉಪ್ಪು ಒಂದೇ ಹಿಟ್ಟಿನಲ್ಲಿ ಕೂಡಿದರೆ ಏನಾದೀತೋ ಎಂಬ ಅಳುಕಿನಿಂದ ಹಣ್ಣನ್ನೂ ಕೈಬಿಟ್ಟು, ಕೊತ್ತಂಬರಿ ಸೊಪ್ಪು ಮತ್ತು ಹಸಿಮೆಣಸಿನಕಾಯಿ ಹೆಚ್ಚಿ ಹಾಕುತ್ತೇವೆ. ಕೊನೆಗೆ ಒಲೆಯಿಂದ ಇಳಿಯುವುದು ಊರಿನ ಬೇಕರಿಯ ಖಾರದ ಬನ್ನಿನ ಒಂದು ಸಪ್ಪೆ ರೂಪ. ಹೆಸರು ಮಾತ್ರ ಬದಲಾಗುವುದಿಲ್ಲ. ಅದು ಆಗಲೂ ಸ್ಕೋನೇ.

ಅಡುಗೆಮನೆಯ ಸಣ್ಣ ಸಂಗತಿಯೆಂದು ಇದನ್ನು ಬಿಟ್ಟುಬಿಡಬಹುದಿತ್ತು. ಆದರೆ ನಾವು ಪರಭಾಷೆಯ ನಡುವೆ ಬದುಕುತ್ತ, ಅನುವಾದಗಳನ್ನು ಓದುತ್ತ, ಮಾಡುತ್ತ, ಅವುಗಳ ಬಗ್ಗೆ ತಿಂಗಳಿಗೊಮ್ಮೆ ಕೂತು ವಾದಿಸುವ ಜನ. ಮರಾಠಿಯ ಕಾದಂಬರಿಯೊಂದು ಕನ್ನಡಕ್ಕೆ ಬರುವಾಗ ಅದರ ಮುಖ್ಯ ಪಾತ್ರವೊಂದನ್ನು ಅನುವಾದಕರು ಸದ್ದಿಲ್ಲದೆ ಕೈಬಿಟ್ಟರೆ ನಾವು ಸುಮ್ಮನಿರುತ್ತೇವೆಯೇ? ಹಣ್ಣು, ಉಪ್ಪಿನಲ್ಲಿ ಮಾಗಿದ ಮಾಂಸ, ಚೀಸು ಈ ಮೂರನ್ನು ಹಿಟ್ಟಿಗೆ ಸೇರಿಸಿ ಬೇಕ್ ಮಾಡುವ ಸ್ಕೋನಿನಲ್ಲಿ ಮೂರೂ ಮುಖ್ಯ ಪಾತ್ರಗಳೇ. ಅವುಗಳಲ್ಲಿ ಮಾಂಸವನ್ನೇ ಮೊದಲು ಹೊರಗೆ ಹಾಕುವ ನಮ್ಮ ಅಭ್ಯಾಸಕ್ಕೆ ರುಚಿಯ ಕಾರಣ ಇಲ್ಲವೇ ಇಲ್ಲ ಎಂಬುದು ನನ್ನ ವಾದ. ಬೇರೆ ಕಾರಣವಿದೆ. ಅದಕ್ಕೆ ಬರುವ ಮೊದಲು ಸ್ಕೋನಿನ ಕುಲಗೋತ್ರವನ್ನು ಸ್ವಲ್ಪ ವಿಚಾರಿಸಬೇಕು.

ಸ್ಕೋನು ಸ್ಕಾಟ್ಲೆಂಡಿನದು. ಅಲ್ಲಿಯವರ ಬಾಯಲ್ಲಿ ಅದು 'ಸ್ಕಾನ್'. ಇಂಗ್ಲೆಂಡಿನಲ್ಲಿ ಎರಡೂ ಉಚ್ಚಾರಗಳಿವೆ, ಎರಡೂ ಪಂಗಡಗಳಿಗೆ ತಮ್ಮದೇ ಸರಿಯೆಂಬ ಹಟವೂ ಇದೆ. ಈ ಶಬ್ದ ಬರಹದಲ್ಲಿ ಮೊದಲು ಕಾಣಿಸಿಕೊಂಡದ್ದು ಒಂದು ಅನುವಾದದಲ್ಲಿ ಎಂಬುದು ನಮಗೆ ವಿಶೇಷವಾಗಿ ರುಚಿಸಬೇಕಾದ ಸಂಗತಿ. ಮುಂದೆ ಬಿಷಪ್ ಪದವಿಗೇರಿದ ಗ್ಯಾವಿನ್ ಡಗ್ಲಸ್ ಎಂಬ ಕವಿ ವರ್ಜಿಲನ 'ಈನಿಯಡ್' ಮಹಾಕಾವ್ಯವನ್ನು ಲ್ಯಾಟಿನ್‌ನಿಂದ ಸ್ಕಾಟ್ಸ್ ಭಾಷೆಗೆ ತಂದು 1513ರಲ್ಲಿ ಮುಗಿಸಿದ. ಆ ಕಾವ್ಯದ ಏಳನೆಯ ಸರ್ಗದಲ್ಲಿ, ಅಲೆದಲೆದು ಬಳಲಿದ ಟ್ರೋಜನರು ಇಟಲಿಯ ದಡದಲ್ಲಿಳಿದು ಹುಲ್ಲಿನ ಮೇಲೆ ಊಟಕ್ಕೆ ಕೂರುತ್ತಾರೆ. ಗೋಧಿಯ ಚಪ್ಪಟೆ ರೊಟ್ಟಿಗಳೇ ಅವರ ತಟ್ಟೆ; ಅವುಗಳ ಮೇಲೆ ಕಾಡಿನ ಹಣ್ಣುಗಳನ್ನು ಹರಡಿಕೊಳ್ಳುತ್ತಾರೆ. ಹಣ್ಣು ಮುಗಿದರೂ ಹಸಿವು ಇಂಗದೆ ರೊಟ್ಟಿಯನ್ನೂ ಮುರಿದು ತಿನ್ನುತ್ತಾರೆ. ನಾವು ನಮ್ಮ ಊಟದ ಮೇಜನ್ನೇ ತಿಂದುಬಿಟ್ಟೆವಲ್ಲ ಎಂದು ಈನಿಯಸನ ಮಗ ತಮಾಷೆ ಮಾಡುತ್ತಾನೆ. ಹಳೆಯ ಭವಿಷ್ಯವಾಣಿಯೊಂದು ಹೀಗೆ ನಗೆಮಾತಿನಲ್ಲಿ ನಿಜವಾಗುತ್ತದೆ. ಆ ಊಟದ ಸಂದರ್ಭದಲ್ಲಿ ಡಗ್ಲಸ್ ಬಳಸಿದ ಶಬ್ದವೇ ಹಿಟ್ಟಿನ ಸ್ಕೋನುಗಳು.

ಅಂದರೆ ಸಾಹಿತ್ಯದಲ್ಲಿ ಕಾಣಿಸಿಕೊಂಡ ಮೊದಲ ಸ್ಕೋನೇ ಹಣ್ಣನ್ನು ಹೊತ್ತುಕೊಂಡಿತ್ತು! ಅದಕ್ಕಿಂತ ಮಿಗಿಲಾಗಿ, ಅದು ಒಂದು ಬದಲಿ ಪದಾರ್ಥವಾಗಿತ್ತು. ರೋಮನ್ನರ ರೊಟ್ಟಿಯನ್ನು ಸ್ಕಾಟ್ಲೆಂಡಿನ ಓದುಗ ಕಂಡಿರಲಿಲ್ಲ; ತನ್ನ ಜನ ಕಂಡ ರೊಟ್ಟಿಯ ಹೆಸರನ್ನು ಡಗ್ಲಸ್ ಅಲ್ಲಿಟ್ಟ. ಹಾಗಿದ್ದರೆ ಹ್ಯಾಮಿನ ಜಾಗಕ್ಕೆ ಪನೀರು ತಂದ ನಮ್ಮ ಅಂಕಣಕಾರರು ಮಾಡಿದ್ದೂ ಅದನ್ನೇ ಅಲ್ಲವೇ ಎಂದು ನೀವು ಕೇಳಬಹುದು. ಅಲ್ಲ. ಈ ಪ್ರಶ್ನೆಗೆ ಮತ್ತೆ ಬರುತ್ತೇನೆ.

ಆ ಕಾಲದ ಸ್ಕೋನು ಇಂದಿನ ಉಬ್ಬಿದ ಸ್ಕೋನಲ್ಲ. ಓಟ್ಸ್ ಅಥವಾ ಬಾರ್ಲಿಯ ಹಿಟ್ಟನ್ನು ಕಲಸಿ, ದುಂಡಗೆ ತಟ್ಟಿ, ನಾಲ್ಕು ಭಾಗ ಮಾಡಿ ಕಬ್ಬಿಣದ ಕಾವಲಿಯ ಮೇಲೆ ಬೇಯಿಸುತ್ತಿದ್ದರು. ನಮ್ಮ ರೊಟ್ಟಿಯ ಹೆಂಚಿಗೂ ಅದಕ್ಕೂ ಹೇಳಿಕೊಳ್ಳುವಂಥ ವ್ಯತ್ಯಾಸವಿಲ್ಲ. ಅದನ್ನು ಎತ್ತರಕ್ಕೆ ಬೆಳೆಸಿದ್ದು 19ನೆಯ ಶತಮಾನದ ರಸಾಯನಶಾಸ್ತ್ರ. ಬರ್ಮಿಂಗ್‌ಹ್ಯಾಮಿನ ಔಷಧ ವ್ಯಾಪಾರಿ ಆಲ್ಫ್ರೆಡ್ ಬರ್ಡ್, ತನ್ನ ಹೆಂಡತಿಗೆ ಯೀಸ್ಟ್ ಒಗ್ಗುವುದಿಲ್ಲವೆಂದು 1843ರಲ್ಲಿ ಒಂದು ಬೇಕಿಂಗ್ ಪೌಡರ್ ತಯಾರಿಸಿದ. ಆಕೆಗೆ ಮೊಟ್ಟೆಯೂ ಒಗ್ಗುತ್ತಿರಲಿಲ್ಲವೆಂದು ಮೊಟ್ಟೆಯಿಲ್ಲದ ಕಸ್ಟರ್ಡ್ ಪುಡಿಯನ್ನು ಮಾಡಿದವನೂ ಅವನೇ. ನಮ್ಮ ಎಷ್ಟೋ ಮದುವೆಯೂಟಗಳ ಹಣ್ಣಿನ ಕಸ್ಟರ್ಡಿನ ಹಿಂದೆ ಒಬ್ಬ ಗಂಡನ ಅಕ್ಕರೆಯಿದೆ ಎಂದರೆ ನಂಬುತ್ತೀರಾ? ಅಂತೂ ಪುಡಿ ಬಂತು, ಮನೆಮನೆಗೆ ಒಲೆಪೆಟ್ಟಿಗೆ ಬಂತು, ಸ್ಕೋನು ಉಬ್ಬಿತು. ಕ್ರೀಮು ಮತ್ತು ಜಾಮಿನ ಜೊತೆಯ ಸಿಹಿ ಸ್ಕೋನು ಸಂಜೆಯ ಚಹಾದ ಠೀವಿಗೆ ಸೇರಿಕೊಂಡಿತು. ಸಾಸಿವೆಪುಡಿ ಹಾಕಿದ ಚೀಸ್ ಸ್ಕೋನು ಉಪ್ಪಿನ ಕಡೆ ಉಳಿಯಿತು. ಅದಕ್ಕೆ ಬೇಕನ್ನು, ಹ್ಯಾಮು, ಅಂಜೂರ, ಖರ್ಜೂರ, ಪೇರ್ ಹಣ್ಣು ಸೇರಿಸುವ ಉತ್ಸಾಹ ಹೆಚ್ಚಾಗಿ ಅಮೆರಿಕದವರದು. ಅವರು ಸ್ಕೋನನ್ನು ತ್ರಿಕೋನವಾಗಿ ಕತ್ತರಿಸುತ್ತಾರೆ. ಬ್ರಿಟನ್ನಿನವರಿಗೆ ಇದೆಲ್ಲ ಸ್ವಲ್ಪ ಅತಿಯೆನಿಸುತ್ತದೆ. ನನಗೆ ಅನಿಸುವುದಿಲ್ಲ.

ಏಕೆಂದರೆ ಈ ಮೂರನ್ನು ಸೇರಿಸುವುದರಲ್ಲಿ ಒಂದು ಒಳತರ್ಕವಿದೆ. ಒಣ ಅಂಜೂರವೆಂದರೆ ಬಿಸಿಲಿಗೆ ನೀರು ಬಿಟ್ಟುಕೊಟ್ಟ ಹಣ್ಣು. ಹ್ಯಾಮ್ ಎಂದರೆ ಉಪ್ಪಿಗೆ ನೀರು ಬಿಟ್ಟುಕೊಟ್ಟ ಮಾಂಸ. ಚೀಸೆಂದರೆ ಹೆಪ್ಪಿಗೂ ಕಾಲಕ್ಕೂ ನೀರು ಬಿಟ್ಟುಕೊಟ್ಟ ಹಾಲು. ಮೂರೂ ಹುಟ್ಟಿದ್ದು ಒಂದೇ ಹೆದರಿಕೆಯಿಂದ: ಇಂದು ಕೈತುಂಬ ಇರುವುದು ನಾಳೆ ಕೊಳೆತುಹೋದೀತು ಎಂಬ ಹೆದರಿಕೆ. ಅಂಜೂರ ಎರಡು ದಿನ ಇಟ್ಟರೆ ಹುಳಿಯುತ್ತದೆ. ಚಳಿಗಾಲದ ಹೊಸ್ತಿಲಲ್ಲಿ ಕೊಯ್ದ ಹಂದಿಯನ್ನು ಒಂದು ಮನೆಯವರು ಒಂದು ವಾರದಲ್ಲಿ ತಿಂದು ಮುಗಿಸಲಾರರು. ಹಾಲಿನ ಮಾತಂತೂ ಗೊತ್ತೇ ಇದೆ. ನೀರನ್ನು ಹೊರಗಟ್ಟಿದಾಗ ಉಳಿಯುವುದು ಸಾಂದ್ರವಾದ ರುಚಿ. ಆದ್ದರಿಂದಲೇ ಈ ಮೂರರಲ್ಲಿ ಯಾವುದನ್ನೂ ನಾವು ಬಟ್ಟಲುಗಟ್ಟಲೆ ತಿನ್ನಲಾರೆವು. ಅವು ಬೇರೆ ಯಾವುದಾದರೂ ಸೌಮ್ಯವಾದದ್ದರೊಳಗೆ ಹರಡಿಕೊಂಡಿರಬೇಕು. ಆ ಸೌಮ್ಯವಾದದ್ದು ಸ್ಕೋನಿನ ಹಿಟ್ಟು. ತಮಾಷೆಯೆಂದರೆ, ತಿಂಗಳು ವರ್ಷಗಳ ಕಾಲ ಕೆಡದಂತೆ ಕಾಯ್ದ ಈ ಮೂರನ್ನು ತುಂಬಿಕೊಳ್ಳುವ ಸ್ಕೋನು ಮಾತ್ರ ಒಂದು ದಿನವೂ ಉಳಿಯುವುದಿಲ್ಲ. ಬೆಳಿಗ್ಗೆ ಮಾಡಿದ್ದು ಸಂಜೆಗೆ ಗಟ್ಟಿ, ಮರುದಿನಕ್ಕೆ ಇಟ್ಟಿಗೆ. ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಬೇಕರಿಯ ಗಾಜಿನ ಕಪಾಟಿನಲ್ಲಿಟ್ಟ ಸ್ಕೋನನ್ನು ಕೊಳ್ಳಬೇಡಿ ಎಂದು ನಾನು ಹೇಳುವುದು ಈ ಕಾರಣಕ್ಕೆ. ಅದು ಮನೆಯಲ್ಲೇ ಆಗಬೇಕಾದ, ಬಿಸಿಯಾಗಿರುವಾಗಲೇ ಮುಗಿಯಬೇಕಾದ ತಿನಿಸು.

ಉಪ್ಪು ಮತ್ತು ಸಿಹಿಯ ಕೂಟಕ್ಕೆ ಇಟಲಿಯಲ್ಲಿ ಬಹಳ ಹಿಂದಿನಿಂದಲೂ ಮರ್ಯಾದೆಯಿದೆ. ಪಾರ್ಮಾದ ಹ್ಯಾಮಿಗೆ ಹಂದಿಯ ತೊಡೆ ಮತ್ತು ಉಪ್ಪು ಬಿಟ್ಟರೆ ಇನ್ನೇನೂ ಬೀಳುವುದಿಲ್ಲ. ಉಳಿದ ಕೆಲಸವನ್ನು ವರ್ಷಕ್ಕೂ ಮಿಕ್ಕಿದ ಕಾಲವೂ ಬೆಟ್ಟದ ಗಾಳಿಯೂ ಮಾಡುತ್ತವೆ. ಅದನ್ನು ಕಾಗದದಷ್ಟು ತೆಳ್ಳಗೆ ಸೀಳಿ ಕರ್ಬೂಜದ ಜೊತೆ, ಅಂಜೂರದ ಜೊತೆ ತಿನ್ನುತ್ತಾರೆ. ಅಲ್ಲಿಯೇ ಪಾರ್ಮಿಜಾನೊ ಚೀಸು ಮಾಡುವಾಗ ಉಳಿಯುವ ಹಾಲಿನ ತಿಳಿನೀರನ್ನು ಆ ಹಂದಿಗಳಿಗೆ ಕುಡಿಸುವುದು ವಾಡಿಕೆ. ಹೀಗಾಗಿ ಚೀಸು ಮತ್ತು ಹ್ಯಾಮು ತಟ್ಟೆಗೆ ಬರುವ ಮೊದಲೇ ನೆಂಟರು. ಅತ್ತ ಇಂಗ್ಲೆಂಡಿನ ಯಾರ್ಕ್‌ಷೈರಿನವರು ಹಣ್ಣಿನ ಕೇಕಿನ ಜೊತೆ ವೆನ್ಸ್ಲಿಡೇಲ್ ಚೀಸಿನ ತುಂಡೊಂದನ್ನು ಕಚ್ಚಿಕೊಳ್ಳುತ್ತಾರೆ, ಯಾರೂ ಅದನ್ನು ವಿಚಿತ್ರವೆನ್ನುವುದಿಲ್ಲ. ಚೀಸಿಗೆ ಕನ್ನಡದ ಕೆಲವು ಅನುವಾದಕರು ಗಿಣ್ಣು ಎಂದು ಬರೆಯುವುದುಂಟು. ಗಿಣ್ಣು ಎಂದರೆ ಕರು ಹಾಕಿದ ಹಸುವಿನ ಮೊದಲ ಹಾಲು ಎಂದು ಹಳ್ಳಿಯ ಯಾವ ಮಗುವೂ ಹೇಳುತ್ತದೆ. ಚೀಸನ್ನು ಚೀಸೆಂದೇ ಕರೆಯೋಣ.

ಇಟಲಿಯಲ್ಲೊಂದು ಗಾದೆಯಿದೆ. ಪೇರ್ ಹಣ್ಣಿನ ಜೊತೆ ಚೀಸು ಎಷ್ಟು ರುಚಿ ಎಂಬುದು ರೈತನಿಗೆ ಗೊತ್ತಾಗದಿರಲಿ ಎಂಬುದು ಅದರ ಭಾವ. (ಪೇರ್ ಎಂದರೆ ನಮ್ಮ ಮರಸೇಬು. ಮುಂಬಯಿ, ಪುಣೆಯ ಓದುಗರು ಇದನ್ನು ಪೇರು ಎಂದು ಓದಿಕೊಂಡು ಸೀಬೆಹಣ್ಣು ತರಬಾರದು.) ಬೊಲೊನ್ಯ ವಿಶ್ವವಿದ್ಯಾಲಯದ ಆಹಾರ ಇತಿಹಾಸಕಾರ ಮಾಸ್ಸಿಮೊ ಮೊಂತಾನಾರಿ ಈ ಒಂದೇ ಗಾದೆಯ ಬೆನ್ನುಹತ್ತಿ 2008ರಲ್ಲಿ ಒಂದು ಇಡೀ ಪುಸ್ತಕ ಬರೆದರು. ಅವರು ಬಿಡಿಸಿ ತೋರಿಸುವುದು ಇದನ್ನು: ಮಧ್ಯಯುಗದಲ್ಲಿ ಚೀಸು ಕುರುಬರ, ರೈತರ, ಬಡವರ ಆಹಾರವೆಂಬ ಕೀಳುಭಾವನೆಗೆ ಗುರಿಯಾಗಿತ್ತು. ಬೇಗ ಕೆಡುವ ನಾಜೂಕಿನ ಪೇರ್ ಹಣ್ಣಾದರೋ ಶ್ರೀಮಂತರ ತೋಟದ ಹೆಮ್ಮೆ. ಶ್ರೀಮಂತರ ಮೇಜಿಗೆ ಚೀಸು ಬರಬೇಕಾದಾಗ ಅದಕ್ಕೆ ಹಣ್ಣಿನ ಸಹವಾಸ ಕೊಟ್ಟು ಮೇಲೆತ್ತಲಾಯಿತು. ಆಮೇಲೆ ಆ ಕೂಟದ ರುಚಿಯನ್ನು ಅರಿಯುವುದು ಮೇಲಿನವರ ಹಕ್ಕಾಯಿತು. ಚೀಸು ಮಾಡಿದವನು ರೈತ, ಪೇರ್ ಮರಕ್ಕೆ ನೀರು ಹಾಕಿದವನು ರೈತ. ಎರಡನ್ನೂ ಒಟ್ಟಿಗೆ ತಿಂದರೆ ಹೇಗಿರುತ್ತದೆಂಬುದು ಮಾತ್ರ ಅವನಿಗೆ ತಿಳಿಯಬಾರದು.

ಈ ಗಾದೆಯನ್ನು ಮೊದಲು ಓದಿದಾಗ ಇದು ಇಟಲಿಯ ಗಾದೆಯೇ ಅಥವಾ ನಮ್ಮದೇ ಎಂದು ಅನುಮಾನವಾಯಿತು. ರುಚಿಯನ್ನು ಕಾವಲಿನಲ್ಲಿಡುವ ಕೆಲಸ ನಮ್ಮಲ್ಲೂ ನಡೆದಿದೆ, ತಿರುವು ಮಾತ್ರ ಬೇರೆ. ಅಲ್ಲಿ ಕೆಳಗಿನವನಿಗೆ ಮೇಲಿನವನ ರುಚಿ ತಿಳಿಯಬಾರದು. ಇಲ್ಲಿ ಕೆಳಗಿನವನ ರುಚಿ ಬರಹಕ್ಕೆ ಬರಬಾರದು.

ಕನ್ನಡನಾಡಿನಲ್ಲಿ ಮಾಂಸ ತಿನ್ನುವವರೇ ಹೆಚ್ಚು. ಆದರೂ ಕನ್ನಡದಲ್ಲಿ ಅಡುಗೆಯ ಬರಹವೆಂದರೆ ನಿಮಗೂ ನನಗೂ ಥಟ್ಟನೆ ನೆನಪಾಗುವುದು ಹುಳಿ, ಗೊಜ್ಜು, ಕೋಸಂಬರಿ. 12ನೆಯ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಸಂಸ್ಕೃತದಲ್ಲಿ ರಚಿಸಿದ 'ಮಾನಸೋಲ್ಲಾಸ'ದ ಅನ್ನಭೋಗ ಪ್ರಕರಣದಲ್ಲಿ ಹಂದಿಯ ಮಾಂಸವನ್ನೂ ಮೀನನ್ನೂ ಹದಗೊಳಿಸುವ ಬಗೆ ಸಂಕೋಚವಿಲ್ಲದೆ ವಿವರವಾಗಿ ಬಂದಿದೆ. 16ನೆಯ ಶತಮಾನದ ಆದಿಭಾಗದಲ್ಲಿ, ಅಂದರೆ ಡಗ್ಲಸ್ ತನ್ನ ಅನುವಾದದಲ್ಲಿ ಸ್ಕೋನನ್ನು ಬರೆಯುತ್ತಿದ್ದ ಕಾಲದ ಆಸುಪಾಸಿನಲ್ಲಿ, ಮೂರನೆಯ ಮಂಗರಸ ಕನ್ನಡದಲ್ಲಿ 'ಸೂಪಶಾಸ್ತ್ರ'ವನ್ನು ಬರೆದ. ಮಂಗರಸ ಜೈನ, ಅವನ ಗ್ರಂಥದಲ್ಲಿ ಮಾಂಸವಿಲ್ಲದಿರುವುದು ಅವನ ಧರ್ಮಕ್ಕೆ ಸಹಜ, ಅದರಲ್ಲಿ ಆಕ್ಷೇಪಿಸುವಂಥದ್ದೇನೂ ಇಲ್ಲ. ಆಕ್ಷೇಪವಿರುವುದು ಒಂದು ಧರ್ಮದ ಸಹಜ ವ್ರತವನ್ನು ಇಡೀ ಭಾಷೆಯ ಅಡುಗೆಯ ಶಿಷ್ಟಾಚಾರವಾಗಿ ಮಾಡಿಕೊಂಡ ನಮ್ಮ ಬಗೆಗೆ.

ಇದು ಹಳೆಯ ಮಾತಲ್ಲ. 2024ರ ಡಿಸೆಂಬರಿನಲ್ಲಿ ಮಂಡ್ಯದಲ್ಲಿ ನಡೆದ 87ನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನದ ಮಳಿಗೆಗಳ ನಿಯಮಗಳಲ್ಲಿ ಮಾಂಸಾಹಾರವನ್ನು ಮದ್ಯ, ತಂಬಾಕುಗಳ ಸಾಲಿನಲ್ಲಿ ಸೇರಿಸಿ ನಿಷೇಧಿಸಲಾಗಿತ್ತು. ಬಾಡೂಟಕ್ಕೆ ಹೆಸರಾದ ಮಂಡ್ಯ ಜಿಲ್ಲೆಯಲ್ಲಿ! ವಿರೋಧ ಬಂತು, ಬರಬೇಕಾದದ್ದೇ. ಸಮ್ಮೇಳನದ ಊಟದಲ್ಲಿ ಮಾಂಸ ಇರಬೇಕೇ ಬೇಡವೇ ಎಂಬುದಕ್ಕೆ ಖರ್ಚು, ವ್ಯವಸ್ಥೆ ಎಂದು ಹತ್ತು ಕಾರಣಗಳನ್ನು ಹೇಳಬಹುದು. ಆದರೆ ಆ ನಿಷೇಧದ ಸಾಲು ಬೇರೆ ಮಾತು ಹೇಳುತ್ತಿತ್ತು. ಅಮ್ಮ ಮನೆಯಲ್ಲಿ ಮಾಡಿ ಬಡಿಸುವ ಸಾರು ಒಂದು ಚಟವೆಂದು ಅದು ಹೇಳುತ್ತಿತ್ತು.

ಮರಾಠಿ ನಮಗೆ ನೆರೆಯ ಭಾಷೆ, ನಮ್ಮಲ್ಲಿ ಹಲವರಿಗೆ ದಿನಬಳಕೆಯ ಭಾಷೆ. ಆ ಭಾಷೆಯಲ್ಲಿ ಶಾಹು ಪಾಟೋಳೆ 2015ರಲ್ಲಿ 'ಅನ್ನ ಹೇ ಅಪೂರ್ಣಬ್ರಹ್ಮ' ಎಂಬ ಪುಸ್ತಕ ಬರೆದರು. ಅನ್ನ ಪೂರ್ಣಬ್ರಹ್ಮವೆಂಬ ಪ್ರಸಿದ್ಧ ಮಾತಿಗೆ ಒಂದು 'ಅ' ಸೇರಿಸಿದ್ದರಲ್ಲೇ ಅವರ ವಾದವೆಲ್ಲ ಇದೆ. ಮರಾಠವಾಡದ ಮಹಾರ್ ಮತ್ತು ಮಾಂಗ್ ಸಮುದಾಯಗಳ ಮನೆಗಳ ಅಡುಗೆಯನ್ನು ಅದು ದಾಖಲಿಸುತ್ತದೆ. 2024ರಲ್ಲಿ ಅದರ ಇಂಗ್ಲಿಷ್ ಅನುವಾದವೂ ಬಂತು. ಮಾಂಸ ಸಿಕ್ಕ ದಿನ ಅದನ್ನು ಉದ್ದುದ್ದ ಸೀಳಿ, ಬಿಸಿಲಿಗೆ ಒಣಗಿಸಿಟ್ಟುಕೊಂಡ ತುಂಡುಗಳಿಗೆ ಅಲ್ಲಿ ಚಾನ್ಯಾ ಎಂಬ ಹೆಸರು. ಪಾರ್ಮಾದಲ್ಲಿ ಉಪ್ಪು ಮಾಡುವ ಕೆಲಸವನ್ನು ಇಲ್ಲಿ ಬಿಸಿಲು ಮಾಡುತ್ತದೆ. ಹೆದರಿಕೆ ಅದೇ, ಜಾಣತನವೂ ಅದೇ. ಒಂದಕ್ಕೆ ಅಂಗಡಿಯಲ್ಲಿ ಮುದ್ರೆ, ಕಾನೂನಿನ ರಕ್ಷಣೆ, ಗ್ರಾಂ ಲೆಕ್ಕದ ಬೆಲೆ. ಇನ್ನೊಂದಕ್ಕೆ ಊರಾಚೆಯ ಕೇರಿಯ ಹಗ್ಗ. ಕೊಡಗಿನ ಮನೆಗಳಲ್ಲಿ ಒಲೆಯ ಮೇಲೆ ಹೊಗೆಗೆ ತೂಗುಹಾಕಿದ ಹಂದಿಮಾಂಸವಾಗಲಿ, ದಕ್ಷಿಣ ಕನ್ನಡದಿಂದ ಮುಂಬಯಿಗೆ ಟ್ರಂಕಿನಲ್ಲಿ ಪ್ರಯಾಣ ಮಾಡಿದ ಒಣಮೀನಾಗಲಿ ಇದೇ ಕುಟುಂಬದವು. ಆ ಟ್ರಂಕಿನಲ್ಲಿ ಬಟ್ಟೆಗೆ ಹತ್ತಿದ ಒಣಮೀನಿನ ವಾಸನೆ ನಮ್ಮ ವಲಸೆಯ ಎಷ್ಟು ಕತೆಗಳಲ್ಲಿ ಬರಬೇಕಿತ್ತೋ ಅಷ್ಟು ಬಂದಿಲ್ಲ.

ಈಗ ಬದಲಿಯ ಪ್ರಶ್ನೆ. ಡಗ್ಲಸ್ ರೊಟ್ಟಿಯ ಜಾಗಕ್ಕೆ ರೊಟ್ಟಿಯನ್ನೇ ಇಟ್ಟ. ಅದು ಹಣ್ಣನ್ನು ಹೊರಬೇಕಿತ್ತು, ಆಮೇಲೆ ತಿನ್ನಿಸಿಕೊಳ್ಳಬೇಕಿತ್ತು. ಸ್ಕೋನು ಎರಡನ್ನೂ ಮಾಡಿತು. ಸ್ಕೋನಿನಲ್ಲಿ ಹ್ಯಾಮಿನ ಕೆಲಸವೇನು? ಉಪ್ಪು ಕೊಡುವುದು, ಕೊಬ್ಬು ಕೊಡುವುದು, ಹಲ್ಲಿಗೆ ಸ್ವಲ್ಪ ಎಳೆತ ಕೊಡುವುದು, ಹಣ್ಣಿನ ಸಿಹಿ ಅತಿಯಾಗದಂತೆ ತಡೆಯುವುದು. ಪನೀರು ಇವುಗಳಲ್ಲಿ ಹೆಚ್ಚಿನವನ್ನು ಮಾಡುವುದಿಲ್ಲ. ಅದಕ್ಕೆ ಉಪ್ಪಿಲ್ಲ, ವಯಸ್ಸಿಲ್ಲ, ಎಳೆತವಿಲ್ಲ. ಆದರೆ ಗೋವಾದ ಶೊರಿಸ್ ಎಲ್ಲವನ್ನೂ ಮಾಡುತ್ತದೆ. ಹಂದಿಮಾಂಸವನ್ನು ಉಪ್ಪು, ಕೆಂಪುಮೆಣಸು, ಬೆಳ್ಳುಳ್ಳಿ, ವಿನೆಗರಿನಲ್ಲಿ ನೆನೆಸಿ, ಕರುಳಿನಲ್ಲಿ ತುಂಬಿ, ಮಣಿಸರದಂತೆ ಗಂಟುಹಾಕಿ ಒಣಗಿಸಿದ ಆ ಸಾಸೇಜು ಮುಂಬಯಿಯ ಗೋವಾ ಅಂಗಡಿಗಳಲ್ಲಿ ಸರಸರವಾಗಿ ತೂಗುತ್ತಿರುತ್ತದೆ. ಪಾರ್ಮಾದ ಹ್ಯಾಮಿಗೆ ದುಡ್ಡು ಸುರಿಯುವ ಬದಲು ಶೊರಿಸ್ ಹಾಕಿದರೆ ಅದು ಒಳ್ಳೆಯ ಅನುವಾದ. ಮೂಲದ ತರ್ಕವನ್ನು ಉಳಿಸಿಕೊಂಡು ಊರಿನ ಮಾತನ್ನು ಆಡುತ್ತದೆ.

ಸಸ್ಯಾಹಾರಿಗಳು ಏನು ಮಾಡಬೇಕು? ಚೀಸ್ ಸ್ಕೋನು ಮಾಡಬೇಕು. ಅದು ತನ್ನಷ್ಟಕ್ಕೆ ಪೂರ್ಣವಾದ, ಬಹುಶಃ ಇನ್ನೂ ಹಳೆಯ ಮರ್ಯಾದೆಯಿರುವ ತಿನಿಸು. ಅಂಜೂರವನ್ನೂ ಸೇರಿಸಿದರೆ ಇನ್ನೂ ಚೆನ್ನ. ಅದನ್ನು ಅಂಜೂರ-ಚೀಸ್ ಸ್ಕೋನೆಂದು ಬರೆಯಲಿ. ಹಂದಿಯನ್ನು ಧರ್ಮದ ಕಾರಣಕ್ಕೆ ಮುಟ್ಟದವರೂ ಇದ್ದಾರೆ, ಅವರ ನಿಷ್ಠೆಯ ಬಗ್ಗೆ ನನಗೆ ಗೌರವವಿದೆ. ಅವರು ತಾವು ತಿನ್ನುವುದಿಲ್ಲವೆಂದು ಬಾಯಿಬಿಟ್ಟು ಹೇಳುತ್ತಾರೆ, ಅದು ಬೇರೆ. ತಿನ್ನುವ ವಸ್ತು ಲೋಕದಲ್ಲೇ ಇಲ್ಲವೆಂಬಂತೆ ಬರೆಯುವುದು ಬೇರೆ. ಚಿಕನ್ ಹ್ಯಾಮ್ ಎಂಬ ಹೆಸರಿನಲ್ಲಿ ಮಹಾನಗರಗಳ ಅಂಗಡಿಗಳಲ್ಲಿ ಸಿಗುವ ನುಣ್ಣನೆಯ ಗುಲಾಬಿ ಬಿಲ್ಲೆಗಳ ಬಗ್ಗೆ ಏನನ್ನೂ ಹೇಳದಿರುವುದೇ ಲೇಸು.

ಹಣ್ಣನ್ನು ಉಪ್ಪಿನ ಜೊತೆ ತಿನ್ನುವುದು ನಮಗೆ ಒಗ್ಗದು ಎಂಬ ಇನ್ನೊಂದು ಮಾತಿದೆ. ಇದನ್ನು ಹೇಳುವವರು ಅನಾನಸಿನ ಮೆಣಸ್ಕಾಯಿ ತಿಂದಿಲ್ಲವೇ? ಕಾಟುಮಾವಿನ ಹಣ್ಣಿನ ಗೊಜ್ಜಿಗೆ ಹಸಿಮೆಣಸು ನುರಿದಿಲ್ಲವೇ? ಮಂಗಳೂರು ಬನ್ಸ್ ಅನ್ನು ನೋಡಿ: ಕಳಿತ ಬಾಳೆಹಣ್ಣು, ಮೈದಾ, ಮೊಸರು, ಸೋಡಾ, ಜೀರಿಗೆ. ಮೊಸರಿನ ಹುಳಿ ಸೋಡಾದೊಂದಿಗೆ ಕೂಡಿ ಅನಿಲವೆದ್ದು ಹಿಟ್ಟು ಹಗುರಾಗುವುದು ಮಜ್ಜಿಗೆ ಹಾಕಿದ ಸ್ಕೋನಿನಲ್ಲಿ ಆಗುವ ಕ್ರಿಯೆಯೇ. ಆ ಸಿಹಿ ಬನ್ಸನ್ನು ಖಾರದ ಕಾಯಿಚಟ್ನಿಗೆ ಅದ್ದಿ ತಿನ್ನುವ ನಾವು ಅಂಜೂರ ಮತ್ತು ಹ್ಯಾಮನ್ನು ಕಂಡು ಹುಬ್ಬೇರಿಸುವುದು ಹಣ್ಣಿಗಾಗಿ ಅಲ್ಲ.

ಮಾಡುವ ಬಗೆಯನ್ನೂ ಹೇಳಿಬಿಡುತ್ತೇನೆ. ಎಂಟು ಸ್ಕೋನುಗಳಿಗೆ 250 ಗ್ರಾಂ ಮೈದಾ, ಎರಡು ಚಹಾಚಮಚ ಬೇಕಿಂಗ್ ಪೌಡರ್, ಕಾಲು ಚಮಚ ಸೋಡಾ, ಅರ್ಧ ಚಮಚ ಸಾಸಿವೆಪುಡಿ, ಸ್ವಲ್ಪ ಕಾಳುಮೆಣಸಿನ ಪುಡಿ. ಉಪ್ಪು ಹಾಕಬೇಡಿ. ಮಾಂಸದಲ್ಲೂ ಚೀಸಿನಲ್ಲೂ ಬೇಕಾದಷ್ಟಿದೆ. ಉಪ್ಪಿಲ್ಲದ ಬೆಣ್ಣೆ 60 ಗ್ರಾಂ, ಹಳೆಯ ಚೆಡ್ಡಾರ್ ಚೀಸು 80 ಗ್ರಾಂ, ಶೊರಿಸ್ ಅಥವಾ ಬೇಕನ್ 60 ಗ್ರಾಂ, ಒಣ ಅಂಜೂರ 60 ಗ್ರಾಂ, ಕಲಸಲು ತಣ್ಣನೆಯ ಗಟ್ಟಿ ಮಜ್ಜಿಗೆ ಸುಮಾರು 130 ಮಿಲಿಲೀಟರ್.

ಪೇರ್ ಹಣ್ಣನ್ನು ನಾನು ಗಾದೆಗೇ ಬಿಟ್ಟುಕೊಡುತ್ತೇನೆ. ಹಸಿ ಹಣ್ಣು ಹಿಟ್ಟಿನಲ್ಲಿ ನೀರೊಡೆಯುತ್ತದೆ, ಚೀಸು ಮತ್ತು ಮಾಂಸದ ಉಪ್ಪು ಆ ನೀರನ್ನು ಇನ್ನಷ್ಟು ಎಳೆಯುತ್ತದೆ, ಸ್ಕೋನಿನ ನಡುಭಾಗ ಅಂಟಂಟಾಗಿ ಉಳಿಯುತ್ತದೆ. ಹಾಕಲೇಬೇಕೆಂದಿದ್ದರೆ ಗಟ್ಟಿಯಾದ ಹಣ್ಣನ್ನು ಹೆಚ್ಚಿ, ಮೊದಲೇ ಒಲೆಪೆಟ್ಟಿಗೆಯಲ್ಲಿ ಬಾಡಿಸಿಕೊಳ್ಳಬೇಕು. ಅಂಜೂರಕ್ಕೆ ಈ ತಾಪತ್ರಯವಿಲ್ಲ. ಪುಣೆಯವರಿಗೆ ಹತ್ತಿರದ ಪುರಂದರದ ಅಂಜೂರ ಹೆಮ್ಮೆಯ ವಿಷಯ. 2016ರಲ್ಲಿ ಅದಕ್ಕೆ ಭೌಗೋಳಿಕ ಸೂಚಿಯ ಮಾನ್ಯತೆಯೂ ಸಿಕ್ಕಿತು. ಆದರೆ ಅದು ಹಸಿಯಾಗಿ ತಿನ್ನುವ ಹಣ್ಣು. ಈ ಕೆಲಸಕ್ಕೆ ದಾರಕ್ಕೆ ಪೋಣಿಸಿ ಮಾರುವ ಅಫ್ಘಾನಿಸ್ತಾನದ ಒಣ ಅಂಜೂರವೇ ಸರಿ. ತೊಟ್ಟು ತೆಗೆದು, ಕಡಲೆಕಾಳಿನಷ್ಟು ಸಣ್ಣಗೆ ಹೆಚ್ಚಿ.

ಶೊರಿಸ್ ಆದರೆ ಹೊರಗಿನ ಕರುಳು ಸುಲಿದು, ಎಣ್ಣೆಯಿಲ್ಲದೆ ಸಣ್ಣ ಉರಿಯಲ್ಲಿ ಪೂರ್ತಿಯಾಗಿ ಬೇಯಿಸಿ. ಅದು ಹಸಿ ಮಾಂಸ, ಸ್ಕೋನಿನ ಹದಿನೈದು ನಿಮಿಷದ ಕಾವನ್ನು ನಂಬುವಂತಿಲ್ಲ. ಕೆಂಪು ಕೊಬ್ಬು ಕರಗಿ ಬಾಣಲೆಗೆ ಬರುತ್ತದೆ. ಅದನ್ನು ಬಸಿದಿಡಿ, ಮರುದಿನದ ಮೊಟ್ಟೆಗೆ ಆಗುತ್ತದೆ. ಮಾಂಸ ಸಂಪೂರ್ಣ ತಣ್ಣಗಾಗಬೇಕು. ಬಿಸಿ ಮಾಂಸ ಹಿಟ್ಟಿಗೆ ಬಿದ್ದರೆ ಬೆಣ್ಣೆ ಕರಗುತ್ತದೆ, ಬೆಣ್ಣೆ ಕರಗಿದರೆ ಸ್ಕೋನು ಮುಗಿಯಿತು.

ನಿಜವಾದ ಕಷ್ಟವಿರುವುದು ಆ ಬೆಣ್ಣೆಯಲ್ಲೇ. ಗಟ್ಟಿ ಬೆಣ್ಣೆಯ ಚೂರುಗಳು ಹಿಟ್ಟಿನಲ್ಲಿ ಹಾಗೆಯೇ ಉಳಿದು, ಒಲೆಯ ಕಾವಿನಲ್ಲಿ ಒಮ್ಮೆಲೇ ಕರಗಿ, ಅವುಗಳಲ್ಲಿರುವ ನೀರು ಆವಿಯಾಗಿ ಪದರಗಳನ್ನು ಎಬ್ಬಿಸಬೇಕು. ಸ್ಕಾಟ್ಲೆಂಡಿನ ಅಡುಗೆಮನೆಯಲ್ಲಿ ಇದಕ್ಕೆ ಯಾವ ಸಾಹಸವೂ ಬೇಡ. ಮುಂಬಯಿಯ, ಚೆನ್ನೈನ ಮೇ ತಿಂಗಳಲ್ಲಿ ಬೆಣ್ಣೆ ಬೆರಳಿಗೆ ತಾಗುವ ಮೊದಲೇ ಎಣ್ಣೆ. ಬೆಣ್ಣೆಯನ್ನು ಫ್ರೀಜರಿನಲ್ಲಿ ಕಲ್ಲಾಗಿಸಿ, ಕೊಬ್ಬರಿ ತುರಿಯುವ ತುರಿಮಣೆಯಲ್ಲಿ ನೇರವಾಗಿ ಹಿಟ್ಟಿನೊಳಗೆ ತುರಿಯಿರಿ. ಹಿಟ್ಟಿನ ಪಾತ್ರೆಯೂ ಅರ್ಧ ಗಂಟೆ ಫ್ರಿಜ್ಜಿನಲ್ಲಿ ಕೂತು ಬಂದಿರಲಿ. ಬೆರಳ ತುದಿಯಿಂದ ಒಮ್ಮೆ ಸಡಿಲವಾಗಿ ಬೆರೆಸಿ ಚೀಸು, ಮಾಂಸ, ಅಂಜೂರ ಹಾಕಿ, ಮಜ್ಜಿಗೆ ಹೊಯ್ದು, ಚೂರಿಯಿಂದ ಕಲಸಿ. ಚಪಾತಿ ಹಿಟ್ಟು ನಾದಿ ಅಭ್ಯಾಸವಿರುವ ಕೈ ಇಲ್ಲಿ ಶತ್ರು. ನಾದಿದಷ್ಟೂ ಹಿಟ್ಟಿನ ಅಂಟು ಬಿಗಿಯುತ್ತದೆ. ಒಡ್ಡೊಡ್ಡಾಗಿ ಕೂಡಿಕೊಂಡ ಕೂಡಲೇ ನಿಲ್ಲಿಸಿ, ಒಂದು ಅಂಗುಲ ದಪ್ಪಕ್ಕೆ ದುಂಡಗೆ ತಟ್ಟಿ, ಹರಿತವಾದ ಚೂರಿಯಿಂದ ನೇರವಾಗಿ ಒತ್ತಿ ಎಂಟು ಹೋಳು ಮಾಡಿ. ಚೂರಿಯನ್ನು ಎಳೆಯಬಾರದು, ಅಂಚು ಮುಚ್ಚಿಕೊಂಡು ಸ್ಕೋನು ಏಳುವುದಿಲ್ಲ. 220 ಡಿಗ್ರಿಗೆ ಮೊದಲೇ ಕಾಯಿಸಿಟ್ಟ ಓಟಿಜಿಯಲ್ಲಿ 15ರಿಂದ 18 ನಿಮಿಷ. ಕಾವಲಿಯ ಮೇಲೆ ಮುಚ್ಚಳ ಹಾಕಿ ಸಣ್ಣ ಉರಿಯಲ್ಲೂ ಆಗುತ್ತದೆ. ಆಗ ತೆಳ್ಳಗೆ ತಟ್ಟಿ, ನಡುವೆ ಒಮ್ಮೆ ಮಗುಚಬೇಕು. ಡಗ್ಲಸನ ಕಾಲದ ಸ್ಕೋನಿಗೆ ಅದೇ ಹೆಚ್ಚು ಹತ್ತಿರ.

ಡಬ್ಬಿಯ ಸಂಸ್ಕರಿತ ಚೀಸು ಸಾಲದೇ ಎಂದು ಕೇಳುವವರಿಗೆ: ಅದು ಕೆಟ್ಟದ್ದಲ್ಲ, ದೋಸೆಯ ಮೇಲೆ ನಾನೂ ತುರಿಯುತ್ತೇನೆ. ಆದರೆ ಸಮನಾಗಿ ಕರಗಲೆಂದೇ ಹದಮಾಡಿದ ಅದಕ್ಕೆ ವಯಸ್ಸಿನ ಘಾಟಿಲ್ಲ. ಅಂಜೂರದ ಸಿಹಿಯ ಎದುರು ಮೆತ್ತಗಾಗಿ ಕಳೆದುಹೋಗುತ್ತದೆ. ಇನ್ನೊಂದು ಮಾತನ್ನು ಮುಚ್ಚಿಡುವಂತಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಅಂಗವು 2015ರಲ್ಲಿ ಸಂಸ್ಕರಿತ ಮಾಂಸವನ್ನು ಕ್ಯಾನ್ಸರ್‌ಕಾರಕಗಳ ಮೊದಲ ಗುಂಪಿಗೆ ಸೇರಿಸಿತು. ದಿನಕ್ಕೆ 50 ಗ್ರಾಂನಂತೆ ನಿತ್ಯ ತಿನ್ನುವವರಲ್ಲಿ ದೊಡ್ಡ ಕರುಳಿನ ಕ್ಯಾನ್ಸರಿನ ಅಪಾಯ ಸುಮಾರು ಶೇಕಡಾ 18ರಷ್ಟು ಹೆಚ್ಚುತ್ತದೆಂದು ಅದರ ಅಂದಾಜು. ಈ ಲೆಕ್ಕದ ಒಂದು ಸ್ಕೋನಿನಲ್ಲಿ ಏಳೆಂಟು ಗ್ರಾಂ ಮಾಂಸವಿರುತ್ತದೆ, ಅದನ್ನು ನಾವು ಮಾಡುವುದು ವರ್ಷಕ್ಕೆ ನಾಲ್ಕು ಸಲ. ಸಂಡಿಗೆ, ಹಪ್ಪಳ, ಮಿಡಿಯುಪ್ಪಿನಕಾಯಿಗಳ ಉಪ್ಪನ್ನು ಎಂದೂ ಅಳೆಯದವರು ಹ್ಯಾಮ್ ಎಂದ ಕೂಡಲೇ ವೈದ್ಯರಾಗುವುದನ್ನು ಮಾತ್ರ ನಾನು ಒಪ್ಪುವುದಿಲ್ಲ.

ನಮ್ಮ ಬಳಗಗಳ ಸಭೆಗಳಿಗೆ ಮನೆಯಿಂದ ತಿಂಡಿ ತರುವ ಪದ್ಧತಿ ಹಲವು ಊರುಗಳಲ್ಲಿದೆ. ಉಪ್ಪಿಟ್ಟು, ಅವಲಕ್ಕಿ, ಕೇಸರಿಬಾತು ಬರುತ್ತವೆ, ಬರಲಿ. ಮುಂದಿನ ಸಲ ಯಾರಾದರೂ ಸ್ಕೋನು ತರುವುದಾದರೆ ಎರಡು ತಟ್ಟೆ ತನ್ನಿ. ಎರಡಕ್ಕೂ ಬೇರೆ ಬೇರೆ ಚೂರಿ, ನಡುವೆ ಸಾಕಷ್ಟು ಜಾಗ. ಒಂದರ ಮುಂದೆ ಒಂದು ಚೀಟಿ: ಅಂಜೂರ, ಚೀಸು. ಇನ್ನೊಂದರ ಮುಂದೆ ಅಷ್ಟೇ ದೊಡ್ಡ ಅಕ್ಷರದಲ್ಲಿ: ಅಂಜೂರ, ಚೀಸು, ಹಂದಿಮಾಂಸ. ಬೆಣ್ಣೆ ಬೇರೆಯಾಗಿರಲಿ, ಚಹಾಕ್ಕೆ ಸಕ್ಕರೆ ಕಡಿಮೆಯಿರಲಿ, ಕವಿತೆ ಓದುವವರು ಸ್ಕೋನು ತಣ್ಣಗಾಗುವ ಮೊದಲು ಮುಗಿಸಲಿ.